ಕೊಂದ ಆಯುಧವೇ ಸಂತರ ಗುರುತಾಗುವುದೇಕೆ?

ಪ್ರಶ್ನೆ: ಕರಾವಳಿಯ ಚರ್ಚೊಂದರಲ್ಲಿ ಸಂತ ಲಾರೆನ್ಸರ ಪ್ರತಿಮೆಯ ಪಕ್ಕದಲ್ಲಿ ಏಣಿಯನ್ನು ಹೋಲುವ ಕಬ್ಬಿಣದ ಚೌಕಟ್ಟನ್ನು ಕಂಡೆ. ಅವರನ್ನು ಸುಟ್ಟು ಕೊಂದದ್ದು ಅದರ ಮೇಲೆಯೇ ಎಂದು ಅಲ್ಲಿದ್ದವರು ಹೇಳಿದರು. ತಟ್ಟೆಯಲ್ಲಿ ಎರಡು ಕಣ್ಣುಗಳನ್ನು ಹಿಡಿದು ನಿಂತ ಸಂತೆಯ ಚಿತ್ರವನ್ನೂ ನೋಡಿದ್ದೇನೆ. ಪೂಜ್ಯರನ್ನು ಅವರ ಹಿಂಸೆಯ ಸಾಧನಗಳೊಂದಿಗೆ ಏಕೆ ಚಿತ್ರಿಸುತ್ತಾರೆ? ಇವುಗಳಿಂದ ಸಂತರನ್ನು ಗುರುತಿಸುವುದು ಹೇಗೆ?
– ಓದುಗರೊಬ್ಬರು, ಉಡುಪಿ

ಉತ್ತರ: ಶಂಖಚಕ್ರಗಳನ್ನು ಕಂಡು ವಿಷ್ಣುವೆಂದೂ, ತ್ರಿಶೂಲ ಡಮರುಗಳನ್ನು ಕಂಡು ಶಿವನೆಂದೂ ಹೇಳುವ ರೂಢಿಯುಳ್ಳ ನಮಗೆ ಕೈಯಲ್ಲಿರುವ ವಸ್ತುವಿನಿಂದ ಮೂರ್ತಿಯನ್ನು ಗುರುತಿಸುವುದು ಹೊಸದೇನಲ್ಲ. ಆದರೆ ದೇವರ ಕೈಯ ಆಯುಧ ದೇವರದೇ ಆಗಿದ್ದರೆ, ಕ್ರೈಸ್ತ ರಕ್ತಸಾಕ್ಷಿಯ, ಎಂದರೆ ನಂಬಿಕೆಗಾಗಿ ಪ್ರಾಣ ಕೊಟ್ಟವರ, ಕೈಯಲ್ಲಿರುವುದು ಅವರನ್ನು ಹಿಂಸಿಸಿದವರ ಆಯುಧ. ಹಿಂಸಕನ ಕೈಯಿಂದ ಅದು ಸಂತನ ಕೈಗೆ ಬಂದಿದೆ ಎಂಬುದೇ ಚಿತ್ರದ ಅರ್ಥ. ಅಲ್ಲಿ ತೋರಿಸುತ್ತಿರುವುದು ಸೋಲನ್ನಲ್ಲ, ಗೆಲುವನ್ನು. ಅದರ ಜೊತೆಗೆ ಸಾಮಾನ್ಯವಾಗಿ ಕಾಣುವ ಖರ್ಜೂರದ ಗರಿ ರೋಮನ್ನರಲ್ಲಿ ಜಯದ ಚಿಹ್ನೆಯಾಗಿತ್ತು. ಬೈಬಲಿನ ಪ್ರಕಟನೆ ಗ್ರಂಥದ 7ನೆಯ ಅಧ್ಯಾಯದಲ್ಲಿ ಸಿಂಹಾಸನದ ಮುಂದೆ ನಿಂತ ಜನಸಮೂಹದ ಕೈಗಳಲ್ಲಿಯೂ ಅದೇ ಗರಿಗಳಿವೆ.

ಆರಂಭದಲ್ಲಿ ಈ ಪದ್ಧತಿ ಇಷ್ಟು ಬೆಳೆದಿರಲಿಲ್ಲ. ಇಟಲಿಯ ರವೆನ್ನಾದ ಸಾಂತ್ ಅಪೊಲಿನಾರೆ ನುವೊವೊ ಚರ್ಚಿನಲ್ಲಿ, 6ನೆಯ ಶತಮಾನದ ಮೊಸಾಯಿಕ್ ಚಿತ್ರಗಳಲ್ಲಿ, ಸಾಲಾಗಿ ಸಾಗುವ ರಕ್ತಸಾಕ್ಷಿಗಳೆಲ್ಲರೂ ಬಹುಮಟ್ಟಿಗೆ ಒಂದೇ ರೀತಿ ಕಾಣುತ್ತಾರೆ. ಅವರನ್ನು ಬೇರ್ಪಡಿಸುವುದು ತಲೆಯ ಮೇಲೆ ಬರೆದ ಹೆಸರು. ಅವರ ನಡುವೆ ಸಂತ ಆಗ್ನೆಸಳ ಕಾಲ ಬಳಿ ಮಾತ್ರ ಒಂದು ಕುರಿಮರಿಯಿದೆ. ಓದು ಬಾರದ ಜನಕ್ಕೆ ಹೆಸರಿಗಿಂತ ವಸ್ತುವೇ ಸುಲಭವಾದ ಗುರುತಾದ್ದರಿಂದ ಮಧ್ಯಯುಗದಲ್ಲಿ ಚಿಹ್ನೆಗಳು ಹೆಚ್ಚಿದವು. 13ನೆಯ ಶತಮಾನದಲ್ಲಿ ಡೊಮಿನಿಕನ್ ಸಂನ್ಯಾಸಿ ಯಾಕೋಬಸ್ ದ ವೊರಾಜಿನೆ ಸಂಗ್ರಹಿಸಿದ ಸಂತಚರಿತ್ರೆಗಳು ಯೂರೋಪಿನಾದ್ಯಂತ ಹರಡಿ, ಕಲಾವಿದರಿಗೆ ಬೇಕಾದ ವಿವರಗಳನ್ನು ಒದಗಿಸಿದವು.

ನೀವು ಕಂಡ ಚೌಕಟ್ಟು ಮಾಂಸ ಸುಡಲು ಬಳಸುವ ಕಬ್ಬಿಣದ ಸಲಾಕೆಗಳ ಜಾಲರಿ. ಲಾರೆನ್ಸರು ರೋಮಿನ ಧರ್ಮಸಭೆಯಲ್ಲಿ (ಕ್ರೈಸ್ತ ಸಮುದಾಯದಲ್ಲಿ) ಸೇವಾದರ್ಶಿ, ಎಂದರೆ ಬಿಷಪರಿಗೆ ನೆರವಾಗುವ ಡೀಕನ್, ಆಗಿದ್ದು, ಚಕ್ರವರ್ತಿ ವಲೇರಿಯನ್ನನ ಕಾಲದಲ್ಲಿ, 258ರ ಆಗಸ್ಟ್ 10ರಂದು ಪ್ರಾಣ ಕೊಟ್ಟರು. ಧರ್ಮಸಭೆಯ ಸಂಪತ್ತನ್ನು ಒಪ್ಪಿಸೆಂದು ಅಧಿಕಾರಿ ಕೇಳಿದಾಗ ಅವರು ಬಡವರನ್ನೂ ರೋಗಿಗಳನ್ನೂ ಕರೆತಂದು, ಇವರೇ ನಮ್ಮ ಸಂಪತ್ತು ಎಂದರೆಂಬ ಕಥೆ ಪ್ರಸಿದ್ಧವಾಗಿದೆ. ಅವರನ್ನು ನಿಜವಾಗಿ ಸುಟ್ಟರೆಂಬುದನ್ನು ಇತಿಹಾಸಕಾರರು ಅನುಮಾನಿಸುತ್ತಾರೆ. ಶಿರಚ್ಛೇದವೇ ನಡೆದಿರಬಹುದೆಂಬುದು ಅನೇಕರ ಅಭಿಪ್ರಾಯ. ಹಾಗಿದ್ದರೂ ಆ ಜಾಲರಿ ಅವರ ಗುರುತಾಗಿ ಉಳಿಯಿತು. ಸ್ಪೇನಿನ ಎಸ್ಕೋರಿಯಲ್ ಅರಮನೆಯ ನಕ್ಷೆಯೂ ಅದೇ ಆಕಾರದಲ್ಲಿದೆ ಎಂಬ ಮಾತಿದೆ. ನಿಮ್ಮ ಜಿಲ್ಲೆಯ ಕಾರ್ಕಳ ಅತ್ತೂರಿನ ಬಸಿಲಿಕಾ ಇವರ ಹೆಸರಿನದೇ.

ಈ ವಸ್ತುಗಳನ್ನು ಸಾವಿನ ವರದಿಯೆಂದು ಓದಬಾರದು ಎಂಬುದನ್ನು ಒತ್ತಿ ಹೇಳಬೇಕಾಗಿದೆ. ಸಂತ ಸೆಬಾಸ್ಟಿಯನ್ನರ ಮೈಯೆಲ್ಲ ಬಾಣಗಳು ನಾಟಿರುವುದನ್ನು ಕಂಡವರು ಅವರು ಬಾಣಗಳಿಂದಲೇ ಸತ್ತರೆಂದು ತಿಳಿಯುತ್ತಾರೆ. ಕಥೆಯ ಪ್ರಕಾರ, ಸತ್ತರೆಂದು ಬಿಟ್ಟುಹೋದ ಅವರನ್ನು ಐರೀನ್ ಎಂಬ ವಿಧವೆ ಆರೈಕೆ ಮಾಡಿ ಉಳಿಸಿದಳು. ಅನಂತರ ಅವರನ್ನು ದೊಣ್ಣೆಗಳಿಂದ ಹೊಡೆದು ಕೊಂದರು. ಅಲೆಕ್ಸಾಂಡ್ರಿಯದ ಸಂತ ಕ್ಯಾಥರೀನಳನ್ನು ಕೊಲ್ಲಲು ತಂದ ಮೊಳೆಚಕ್ರವೂ ಮುರಿದು ಬಿತ್ತು. ಆಕೆಯ ಪ್ರಾಣ ತೆಗೆದದ್ದು ಕತ್ತಿ. ಇವರಿಬ್ಬರ ಮುಖ್ಯ ಗುರುತಾಗಿ ಕಲಾವಿದರು ಆರಿಸಿಕೊಂಡದ್ದು ಕೊಲ್ಲಲಾರದೆ ಹೋದ ಆಯುಧವನ್ನು. ನನ್ನ ದೃಷ್ಟಿಯಲ್ಲಿ ಈ ಪರಂಪರೆಯ ಅತ್ಯಂತ ಸೂಕ್ಷ್ಮವಾದ ಆಯ್ಕೆ ಇದೇ. ಲಂಡನ್ನಿನ ನ್ಯಾಷನಲ್ ಗ್ಯಾಲರಿಯಲ್ಲಿರುವ ರಾಫೆಲನ ಚಿತ್ರದಲ್ಲಿ ಕ್ಯಾಥರೀನ್ ಆ ಚಕ್ರಕ್ಕೇ ಒರಗಿ ನಿಂತು, ಆಕಾಶದತ್ತ ಮುಖವೆತ್ತಿದ್ದಾಳೆ.

ತಟ್ಟೆಯಲ್ಲಿ ಕಣ್ಣುಗಳನ್ನು ಹಿಡಿದವಳು ಸಿಸಿಲಿಯ ಸಿರಾಕ್ಯೂಸ್ ನಗರದ ಸಂತ ಲೂಸಿ. ಆಕೆಯ ಹಳೆಯ ಚರಿತ್ರೆಯಲ್ಲಿ ಕಣ್ಣು ಕಿತ್ತ ಪ್ರಸಂಗವಿಲ್ಲ; ಹೆಸರಿಗೂ ಬೆಳಕಿಗೂ ಇರುವ ನಂಟಿನಿಂದ ದೃಷ್ಟಿಯ ರಕ್ಷಕಿಯಾದ ಮೇಲೆ ಅದು ಬಂದು ಸೇರಿತು. 15ನೆಯ ಶತಮಾನದ ಚಿತ್ರಕಾರ ಫ್ರಾಂಚೆಸ್ಕೊ ದೆಲ್ ಕೊಸ್ಸಾ ತಟ್ಟೆಯನ್ನು ಬಿಟ್ಟು, ಒಂದು ದಂಟಿನ ತುದಿಯಲ್ಲಿ ಅರಳಿದ ಹೂಗಳಂತೆ ಆ ಕಣ್ಣುಗಳನ್ನು ಬರೆದಿದ್ದಾನೆ.

ಗುರುತಿಸುವಾಗ ಒಂದೇ ವಸ್ತುವನ್ನು ನಂಬಬಾರದು. ಗರಿಯಿದ್ದರೆ ರಕ್ತಸಾಕ್ಷಿ ಎಂಬಷ್ಟು ಮಾತ್ರ ತಿಳಿಯುತ್ತದೆ. ಕತ್ತಿ ಅನೇಕರ ಕೈಯಲ್ಲಿದೆ. ಉದ್ದ ಗಡ್ಡ, ಬೋಳು ತಲೆ, ಗ್ರಂಥ ಜೊತೆಗಿದ್ದರೆ ಸಂತ ಪೌಲರು. ಚಾಕು ಮತ್ತು ಸುಲಿದ ಚರ್ಮ ಸಂತ ಬಾರ್ತಲೋಮಿಯರದು. ಈಟಿಯೊಂದಿಗೆ ಬಡಗಿಯ ಮೂಲೆಮಟ್ಟ ಕಂಡರೆ ಅವರು ಸಂತ ತೋಮರು: ಮೈಲಾಪುರದಲ್ಲಿ ಈಟಿಯಿಂದ ಮಡಿದರೆಂಬ ಸಂಪ್ರದಾಯವೂ, ಗೊಂಡೋಫರ್ನಿಸ್ ದೊರೆಗೆ ಅರಮನೆ ಕಟ್ಟಲು ಒಪ್ಪಿಕೊಂಡರೆಂಬ ಕಥೆಯೂ ಅಲ್ಲಿ ಕೂಡಿವೆ.

ವಸ್ತು ಇರುವ ಜಾಗವನ್ನೂ ಗಮನಿಸಬೇಕು. ಕ್ಯಾಥರೀನಳ ತಲೆಯ ಮೇಲಿನ ಕಿರೀಟ ಆಕೆಯ ರಾಜವಂಶವನ್ನು ಹೇಳುತ್ತದೆ. ರಕ್ತಸಾಕ್ಷಿಯಲ್ಲದ ಸಂತ ಅಲೋಶಿಯಸ್ ಗೊಂಜಾಗರ ಚಿತ್ರಗಳಲ್ಲಿ ಲಿಲ್ಲಿ ಹೂವಿನ ಜೊತೆಗೆ ಕಿರೀಟವೊಂದು ಪಕ್ಕಕ್ಕಿಟ್ಟಂತೆ ಕಾಣುವುದುಂಟು. ಹಿರಿಯ ಮಗನಾಗಿ ತಮಗೆ ಬರಬೇಕಾಗಿದ್ದ ಸಂಸ್ಥಾನವನ್ನು ಅವರು ಬಿಟ್ಟುಕೊಟ್ಟು ಜೆಸ್ವಿಟ್ ಎಂಬ ಕ್ಯಾಥೊಲಿಕ್ ಧಾರ್ಮಿಕ ಸಂಘವನ್ನು ಸೇರಿದರು, 1591ರಲ್ಲಿ ರೋಮಿನ ಪ್ಲೇಗ್ ರೋಗಿಗಳ ಸೇವೆಯಲ್ಲಿ ಸೋಂಕು ತಗುಲಿ 23ನೆಯ ವಯಸ್ಸಿನಲ್ಲಿ ತೀರಿಕೊಂಡರು. ಅವರ ಬದುಕಿನ ಘಟನೆಗಳನ್ನು ಇಟಲಿಯ ಚಿತ್ರಕಾರ ಆಂಟೋನಿಯೊ ಮೊಸ್ಕೇನಿ ಮಂಗಳೂರಿನ ಸಂತ ಅಲೋಶಿಯಸ್ ಚಾಪೆಲಿನಲ್ಲಿ ಚಿತ್ರಿಸಿದ್ದಾರೆ. ಉಡುಪಿಯಿಂದ ಅದು ದೂರವೇನಲ್ಲ, ಅವಶ್ಯವಾಗಿ ಹೋಗಿ ನೋಡಿ.