ಮೋರಿ ಮನೆಯೂ ಇಂಡಿಯಾನಾ ಜೋನ್ಸೂ

ಸೋಮವಾರಪೇಟೆ ಕಡೆಯ ಓದುಗರೊಬ್ಬರು ನಮಗೆ ಉದ್ದದ ಪತ್ರ ಬರೆದಿದ್ದಾರೆ. ಅವರು ನಿವೃತ್ತ ಶಾಲಾ ಮೇಷ್ಟ್ರು. ಈಗ ಕಾಫಿ ತೋಟ ನೋಡಿಕೊಂಡಿದ್ದಾರೆ. ಹೆಸರು ಹಾಕಬೇಡಿ ಎಂದಿದ್ದಾರೆ, ಕಾರಣ ಮುಂದೆ ಗೊತ್ತಾಗುತ್ತದೆ. ಪತ್ರದ ಸಾರ ಇಷ್ಟು:

"ರಜೆಗೆ ಬಂದ ಮೊಮ್ಮಕ್ಕಳು ಮೊಬೈಲಿನಲ್ಲಿ ಇಂಡಿಯಾನಾ ಜೋನ್ಸ್ ಸಿನಿಮಾ ನೋಡಿದರು. ಮಾರನೇ ದಿನವೇ ಹಾರೆ ಹಿಡಿದು, ಬಾಣೆ ಜಮೀನಿನಲ್ಲಿರುವ ಮೋರಿ ಮನೆ, ಅಂದರೆ ಚಪ್ಪಡಿ ಕಲ್ಲಿನ ಹಳೇ ಕಟ್ಟಣೆ, ಅಗೆಯೋಣ ಅಂತ ಹೊರಟರು. ಗದರಿಸಿ ಕೂರಿಸಿದೆ. ಆದರೆ ಯಾಕೆ ಅಗೆಯಬಾರದು ಎಂದು ಕೇಳಿದಾಗ ಸರಿಯಾದ ಉತ್ತರ ಕೊಡಲು ಆಗಲಿಲ್ಲ. ತೋಟದ ಕೆಲಸದವರಲ್ಲೂ ಅಲ್ಲಿ ನಿಧಿ ಇದೆ ಎನ್ನುವವರಿದ್ದಾರೆ. ಈ ಸಿನಿಮಾಗಳಲ್ಲಿ ನಿಜ ಎಷ್ಟು? ಆ ಕಲ್ಲುಗಳ ಕೆಳಗೆ ನಿಜವಾಗಿ ಏನಿರುತ್ತದೆ? ಮತ್ತೆ, ನಮ್ಮ ಕೊಡಗಿನಲ್ಲಿ ಇಷ್ಟೆಲ್ಲ ಇದ್ದರೂ ಕನ್ನಡದಲ್ಲಿ ಇಂಥದ್ದೊಂದು ಸಿನಿಮಾ ಯಾಕಿಲ್ಲ?"

ಮೇಷ್ಟ್ರೇ, ಮೊದಲು ಮೊಮ್ಮಕ್ಕಳ ಪರವಾಗಿ ಒಂದು ಮಾತು. ಆ ಸಿನಿಮಾ ನೋಡಿದ ಮೇಲೂ ಹಾರೆ ಹಿಡಿಯಬೇಕು ಅನ್ನಿಸದ ಮಕ್ಕಳಿದ್ದರೆ ನನಗೆ ಅವರ ಬಗ್ಗೆಯೇ ಚಿಂತೆ. 1981ರಲ್ಲಿ ಬಂದ ಮೊದಲ ಇಂಡಿಯಾನಾ ಜೋನ್ಸ್ ಚಿತ್ರ ಇವತ್ತಿಗೂ ಕೂತಲ್ಲಿಂದ ಏಳಲು ಬಿಡುವುದಿಲ್ಲ. ಸ್ಪೀಲ್‌ಬರ್ಗ್ ಕೈಚಳಕ ಹಾಗಿದೆ. ಆದರೆ ಅದರ ಮೊದಲ ಹತ್ತು ನಿಮಿಷವನ್ನು ಇನ್ನೊಮ್ಮೆ ನೋಡಿ. ಕಾಡಿನ ನಡುವೆ ಒಂದು ಹಳೇ ದೇಗುಲ. ಶತಮಾನಗಳಿಂದ ಕೆಡದೆ ನಿಂತಿದೆ. ಒಳಗಿನ ಯಂತ್ರಗಳು ಕೂಡ ಇನ್ನೂ ಕೆಲಸ ಮಾಡುತ್ತಿವೆ! ನಮ್ಮ ಪ್ರೊಫೆಸರ್ ಜೋನ್ಸ್ ಒಳಗೆ ಹೋಗಿ ಪೀಠದ ಮೇಲಿನ ಚಿನ್ನದ ಗೊಂಬೆ ಎತ್ತುತ್ತಾನೆ, ಅಲ್ಲಿ ಮರಳಿನ ಚೀಲ ಇಡುತ್ತಾನೆ. ದೇಗುಲ ಕುಸಿಯತೊಡಗುತ್ತದೆ, ಬಂಡೆ ಉರುಳುತ್ತದೆ, ಅವನು ಓಡುತ್ತಾನೆ. ನಾವು ಅವನು ಬದುಕಿದನಲ್ಲ ಅಂತ ಉಸಿರು ಬಿಡುತ್ತೇವೆ. ದೇಗುಲ ಹಾಳಾಯಿತಲ್ಲ ಅಂತ ಯಾರೂ ಕೇಳುವುದಿಲ್ಲ. ಅಂಥ ದೇಗುಲ ಕಟ್ಟಿದವರು ಯಾರು, ಆ ಯಂತ್ರ ಹೇಗೆ ಓಡುತ್ತಿತ್ತು, ಗೊಂಬೆಯನ್ನು ಅಲ್ಲೇ ಯಾಕೆ ಇಟ್ಟಿದ್ದರು? ಇದನ್ನೆಲ್ಲ ಕೇಳಬೇಕಾದವನೇ ಓಡಿಹೋದ.

ನನ್ನ ತಕರಾರು ಇರುವುದು ಇಲ್ಲಿ. ಶಾಪ, ದೆವ್ವ, ಎದ್ದು ಬರುವ ಮಮ್ಮಿ, ಇದೆಲ್ಲ ಕಟ್ಟುಕಥೆ ಅಂತ ಏಳನೇ ಕ್ಲಾಸಿನ ಹುಡುಗನಿಗೂ ಗೊತ್ತು. ಅದರಿಂದ ನಷ್ಟವಿಲ್ಲ. ವಸ್ತು ಕೈಗೆ ಬಂದರೆ ಕೆಲಸ ಮುಗಿಯಿತು ಅಂತ ಈ ಸಿನಿಮಾಗಳು ಸುಮ್ನೆ ನಂಬಿಸಿಬಿಡುತ್ತವಲ್ಲ, ಆ ಸುಳ್ಳು ಮಾತ್ರ ಯಾರ ಕಣ್ಣಿಗೂ ಬೀಳುವುದಿಲ್ಲ. ನಿಜದಲ್ಲಿ ಕೆಲಸ ಶುರುವಾಗುವುದೇ ಆಗ. ಪುರಾತತ್ವಜ್ಞ ಹೊವರ್ಡ್ ಕಾರ್ಟರ್ ಈಜಿಪ್ಟಿನ ದೊರೆ ಟುಟಾಂಖಾಮನ್ ಸಮಾಧಿ ಕಂಡದ್ದು 1922ರ ನವೆಂಬರಿನಲ್ಲಿ. ಒಳಗಿದ್ದ 5000ಕ್ಕೂ ಹೆಚ್ಚು ವಸ್ತುಗಳನ್ನು ಗುರುತು ಹಾಕಿ, ಫೋಟೊ ತೆಗೆದು, ಹೊರಗೆ ತಂದು ಮುಗಿಸಲು ಸುಮಾರು ಹತ್ತು ವರ್ಷ ಹಿಡಿಯಿತು. ಆ ಹತ್ತು ವರ್ಷವನ್ನು ಯಾವ ನಿರ್ಮಾಪಕ ತೋರಿಸುತ್ತಾನೆ ಹೇಳಿ.

ನಿಜ ಎಷ್ಟು ಅಂತ ಕೇಳಿದಿರಿ. ಅದೇ ಸಿನಿಮಾದಿಂದ ಒಂದು ಉದಾಹರಣೆ ಕೊಡುತ್ತೇನೆ. ಕಥೆ ನಡೆಯುವುದು 1936ರಲ್ಲಿ. ಈಜಿಪ್ಟಿನ ಟಾನಿಸ್ ಎಂಬ ಊರು ಮರಳಿನಡಿ ಕಳೆದುಹೋಗಿತ್ತು, ಈಗ ಜರ್ಮನ್ನರಿಗೆ ಸಿಕ್ಕಿದೆ ಅನ್ನುತ್ತದೆ ಚಿತ್ರ. ಟಾನಿಸ್ ನಿಜವಾದ ಊರು, ಕಳೆದೇನೂ ಹೋಗಿರಲಿಲ್ಲ. ಹತ್ತೊಂಬತ್ತನೇ ಶತಮಾನದಲ್ಲೇ ಅಲ್ಲಿ ಅಗೆತ ನಡೆದಿತ್ತು. 1936ರಲ್ಲಿ ಅಲ್ಲಿದ್ದವನು ಪಿಯೆರ್ ಮೊಂತೆ ಎಂಬ ಫ್ರೆಂಚ್ ವಿದ್ವಾಂಸ. 1929ರಿಂದಲೇ ತಾಳ್ಮೆಯಿಂದ ಅಗೆಯುತ್ತಿದ್ದ. 1939ರಲ್ಲಿ ಅವನಿಗೆ ರಾಜರ ಸಮಾಧಿಗಳೇ ಸಿಕ್ಕವು, ಮುಂದಿನ ವರ್ಷ ಸುಸೆನ್ನೆಸ್ ಎಂಬ ದೊರೆಯ ಬೆಳ್ಳಿಯ ಶವಪೆಟ್ಟಿಗೆಯೂ ಚಿನ್ನದ ಮುಖವಾಡವೂ ಬಂದವು. ಆದರೆ ಅಷ್ಟರಲ್ಲಿ ಯುದ್ಧ ಶುರುವಾಗಿತ್ತು. ಪತ್ರಿಕೆಗಳಿಗೆ ಬೇರೆ ಸುದ್ದಿ ಇತ್ತು. ಹಾಗಾಗಿ ಇವತ್ತು ಟಾನಿಸ್ ಅಂದರೆ ಜನಕ್ಕೆ ನೆನಪಾಗುವುದು ಜೋನ್ಸ್ ಪಾತ್ರದಲ್ಲಿ ಹ್ಯಾಟು ಹಾಕಿದ ಹ್ಯಾರಿಸನ್ ಫೋರ್ಡ್, ಮೊಂತೆ ಅಲ್ಲ.

1984ರ ಎರಡನೇ ಚಿತ್ರದ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಕಥೆ ಭಾರತದ್ದು, ಶೂಟಿಂಗ್ ಶ್ರೀಲಂಕಾದ್ದು. ಕಥೆ ಹಿಡಿಸದೆ ನಮ್ಮ ಸರ್ಕಾರ ಒಪ್ಪಿಗೆ ಕೊಟ್ಟಿರಲಿಲ್ಲ. ಊಟದ ದೃಶ್ಯ ನೋಡಿದರೆ ಯಾಕೆ ಅಂತ ಗೊತ್ತಾಗುತ್ತದೆ. ಅಮರೀಶ್ ಪುರಿಗಾಗಿ ಒಮ್ಮೆ ನೋಡಬಹುದು, ಅಷ್ಟೇ.

ಈಗ ನಾನು ನಿಜವಾಗಿ ಹೇಳಬೇಕೆಂದಿರುವ ಸಿನಿಮಾಕ್ಕೆ ಬರುತ್ತೇನೆ. ಈಜಿಪ್ಟಿನವರೇ ಮಾಡಿದ್ದು, 1969ರದು, ಹೆಸರು 'ಅಲ್ ಮೂಮಿಯಾ'. ನಿರ್ದೇಶಕ ಶಾದಿ ಅಬ್ದೆಲ್ ಸಲಾಂ. ಇದರ ಹಿಂದೆ ನಡೆದ ಘಟನೆಯೇ ಇದೆ. ಲಕ್ಸರ್ ಎದುರಿನ ಬೆಟ್ಟದ ಊರಿನ ಒಂದು ಮನೆತನಕ್ಕೆ 1870ರ ಸುಮಾರಿಗೆ ಒಂದು ಗುಪ್ತ ಗುಂಡಿ ಸಿಕ್ಕಿತು. ಹಿಂದಿನ ಕಾಲದ ಪುರೋಹಿತರು ಕಳ್ಳರ ಕಾಟಕ್ಕೆ ಹೆದರಿ ದೊಡ್ಡ ದೊಡ್ಡ ಫೇರೋಗಳ, ಅಂದರೆ ದೊರೆಗಳ, ಶವಗಳನ್ನೆಲ್ಲ ತಂದು ಅಲ್ಲಿ ಅಡಗಿಸಿದ್ದರು. ಮನೆತನದವರು ಯಾರಿಗೂ ಹೇಳಲಿಲ್ಲ. ದುಡ್ಡು ಬೇಕಾದಾಗ ಒಂದೊಂದೇ ವಸ್ತು ಹೊರಗೆ ತಂದು ಮಾರಿದರು. ಕೊನೆಗೆ 1881ರಲ್ಲಿ ಮನೆಯವನೇ ಒಬ್ಬ ಅಧಿಕಾರಿಗಳಿಗೆ ಜಾಗ ತೋರಿಸಿದ. ರಾಮ್‌ಸೆಸ್ 2, ಸೇಟಿ 1, ಥಟ್ಮೋಸ್ 3 ಎಲ್ಲರೂ ಅಲ್ಲಿದ್ದರು.

ಸಿನಿಮಾದಲ್ಲಿ ಇದು ವನೀಸ್ ಎಂಬ ಹುಡುಗನ ಕಥೆ. ಅಪ್ಪ ಸತ್ತ ದಿನ ಹಿರಿಯರು ಅವನನ್ನೂ ಅಣ್ಣನನ್ನೂ ಬೆಟ್ಟಕ್ಕೆ ಕರೆದೊಯ್ದು ಗುಟ್ಟು ತೋರಿಸುತ್ತಾರೆ. ತಾವು ಉಂಡ ಅನ್ನ ಎಲ್ಲಿಂದ ಬಂತು ಅಂತ ಹುಡುಗರಿಗೆ ಅವತ್ತು ಗೊತ್ತಾಗುತ್ತದೆ. ಅಣ್ಣ ಒಲ್ಲೆ ಎನ್ನುತ್ತಾನೆ, ಕೊಲೆಯಾಗುತ್ತಾನೆ. ತಮ್ಮ ಏನು ಮಾಡಬೇಕು? ಹೇಳಿದರೆ ಊರಿಗೆ ದ್ರೋಹ, ಹೇಳದಿದ್ದರೆ ಸತ್ತವರಿಗೆ ದ್ರೋಹ. ಚಿತ್ರದಲ್ಲಿ ಓಟವಿಲ್ಲ, ಚಾಟಿಯಿಲ್ಲ. ಜನ ನಿಧಾನವಾಗಿ ನಡೆಯುತ್ತಾರೆ, ನಿಧಾನವಾಗಿ ಮಾತಾಡುತ್ತಾರೆ. ಮೊಮ್ಮಕ್ಕಳು ಅರ್ಧಕ್ಕೇ ಎದ್ದು ಹೋಗುತ್ತಾರೆ, ಹೋಗಲಿ ಬಿಡಿ. ನೀವು ಪೂರ್ತಿ ನೋಡಿ. ಕೊನೆಯಲ್ಲಿ ಶವಪೆಟ್ಟಿಗೆಗಳನ್ನು ಸಾಲಾಗಿ ಹೊತ್ತು ಹಡಗಿಗೆ ಸಾಗಿಸುವಾಗ ಯಾರು ಗೆದ್ದರು ಅಂತ ಹೇಳುವುದೇ ಕಷ್ಟ.

ಒಂದು ವಿಷಯ ಸೇರಿಸಬೇಕು. ಜಾಗ ಸಿಕ್ಕ ಮೇಲೆ ಅಧಿಕಾರಿಗಳು ಮತ್ತೆ ಕಳ್ಳತನವಾದೀತು ಎಂಬ ಭಯಕ್ಕೆ ಎರಡೇ ದಿನದಲ್ಲಿ ಎಲ್ಲವನ್ನೂ ಎತ್ತಿಬಿಟ್ಟರು. ಯಾವುದು ಎಲ್ಲಿತ್ತು ಎಂಬ ನಕ್ಷೆಯಿಲ್ಲ, ಫೋಟೊ ಇಲ್ಲ. ಉಳಿಸಲು ಹೋದವರೇ ಅರ್ಧ ಕಥೆ ಅಳಿಸಿದರು. ವಿದ್ವಾಂಸರು ಇವತ್ತಿಗೂ ಅದನ್ನೇ ಆಡಿಕೊಳ್ಳುತ್ತಾರೆ.

ಇದಕ್ಕೆ ತದ್ವಿರುದ್ಧ 2021ರ 'ದಿ ಡಿಗ್'. ಇಂಗ್ಲೆಂಡಿನ ಸಟನ್ ಹೂ ಎಂಬಲ್ಲಿ ಈಡಿತ್ ಪ್ರೆಟಿ ಎಂಬಾಕೆಯ ಜಮೀನಿನಲ್ಲಿ ಮಣ್ಣಿನ ದಿಬ್ಬಗಳಿದ್ದವು. 1938ರಲ್ಲಿ ಆಕೆ ಬೇಸಿಲ್ ಬ್ರೌನ್ ಎಂಬ ಸ್ಥಳೀಯನನ್ನು ಅಗೆಯಲು ಕರೆಸಿದಳು. ಡಿಗ್ರಿ ಇಲ್ಲದ ಮನುಷ್ಯ, ಓದಿ ಕಲಿತವನು. 1939ರಲ್ಲಿ ದೊಡ್ಡ ದಿಬ್ಬ ಅಗೆಯುವಾಗ ಅವನಿಗೆ ತುಕ್ಕು ಹಿಡಿದ ಕಬ್ಬಿಣದ ಮೊಳೆಗಳು ಸಿಕ್ಕವು. ಅವನ ಜಾಣತನ ನೋಡಿ: ಮೊಳೆ ಕೀಳಲಿಲ್ಲ, ಇದ್ದಲ್ಲೇ ಬಿಟ್ಟ. ಮರವೆಲ್ಲ ಯಾವತ್ತೋ ಕರಗಿಹೋಗಿತ್ತು, ಮರಳಿನಲ್ಲಿ ಅಚ್ಚು ಮಾತ್ರ ಉಳಿದಿತ್ತು. ಮೊಳೆಗಳ ಸಾಲು ಹಿಡಿದು ಮೆಲ್ಲನೆ ಮರಳು ತೆಗೆಯುತ್ತ ಹೋದಾಗ 27 ಮೀಟರ್ ಉದ್ದದ ಹಡಗಿನ ಆಕಾರ ಎದ್ದು ಬಂತು. ಕಳ್ಳರು ಅಗೆದಿದ್ದರೆ ಅದರ ನಡುವೆ ಹೂತಿದ್ದ ಚಿನ್ನ ಸಿಗುತ್ತಿತ್ತು, ಹಡಗು ಇತ್ತು ಅಂತ ಜಗತ್ತಿಗೆ ಗೊತ್ತೇ ಆಗುತ್ತಿರಲಿಲ್ಲ. ಹಿಂದೊಮ್ಮೆ ಕಳ್ಳರು ಆ ದಿಬ್ಬಕ್ಕೆ ಕೈಹಾಕಿದ್ದೂ ಉಂಟು, ಅವರ ಗುಂಡಿ ಸ್ವಲ್ಪದರಲ್ಲಿ ತಪ್ಪಿತ್ತು.

ಸಿಕ್ಕಿದ್ದೆಲ್ಲ ಪ್ರೆಟಿಯದೇ ಅಂತ ವಿಚಾರಣೆಯಲ್ಲಿ ತೀರ್ಮಾನವಾಯಿತು. ಆಕೆ ಎಲ್ಲವನ್ನೂ ಬ್ರಿಟಿಷ್ ಮ್ಯೂಸಿಯಂಗೆ ದಾನ ಕೊಟ್ಟಳು. ಸಿನಿಮಾ ಇದನ್ನೆಲ್ಲ ಚೆನ್ನಾಗಿ ತೋರಿಸುತ್ತದೆ. ಆದರೆ ಒಂದು ಕಡೆ ನನಗೆ ಸಿಟ್ಟು ಬಂತು, ನಿಮಗಂತೂ ಇನ್ನೂ ಜಾಸ್ತಿ ಬರುತ್ತದೆ. ಆ ಅಗೆತದ ನೂರಾರು ಫೋಟೊ ತೆಗೆದವರು ಮರ್ಸಿ ಲ್ಯಾಕ್ ಮತ್ತು ಬಾರ್ಬರಾ ವಾಗ್‌ಸ್ಟಾಫ್. ಇಬ್ಬರೂ ಶಾಲಾ ಟೀಚರುಗಳು, ರಜೆಗೆ ಬಂದವರು. ಸಿನಿಮಾದವರು ಇಬ್ಬರನ್ನೂ ಕೈಬಿಟ್ಟು ಒಬ್ಬ ಸುಂದರಾಂಗ ಯುವಕನನ್ನು ಸೃಷ್ಟಿಸಿ ಕ್ಯಾಮೆರಾ ಕೊಟ್ಟಿದ್ದಾರೆ. ಪ್ರೇಮಕಥೆಗೆ ಬೇಕಿತ್ತಂತೆ!

ಇನ್ನು ನಿಮ್ಮ ಮೋರಿ ಮನೆ. ದೊಡ್ಡಮಳ್ತೆಯ ಮೋರಿಬೆಟ್ಟ ನಿಮಗೆ ನನಗಿಂತ ಚೆನ್ನಾಗಿ ಗೊತ್ತು. ಪಾಂಡವರು ವನವಾಸದಲ್ಲಿ ಇದ್ದ ಮನೆ ಅಂತ ನಮ್ಮ ಹಿರಿಯರು ಹೇಳುತ್ತಿದ್ದದ್ದು ಇವನ್ನೇ. ನಿಲ್ಲಿಸಿದ ಚಪ್ಪಡಿಗಳು, ಮೇಲೊಂದು ದೊಡ್ಡ ಚಪ್ಪಡಿ, ಹಲವಕ್ಕೆ ಒಂದು ಗೋಡೆಯಲ್ಲಿ ದುಂಡನೆಯ ಕಿಂಡಿ. ಇವು ಮನೆಯಲ್ಲ, ಕಬ್ಬಿಣ ಯುಗದ ಜನ ಸತ್ತವರಿಗಾಗಿ ಕಟ್ಟಿದ ಗೋರಿಗಳು. ಸುಮಾರಾಗಿ ಎರಡರಿಂದ ಮೂರು ಸಾವಿರ ವರ್ಷದಷ್ಟು ಹಳೆಯವು. 1870ರಲ್ಲಿ ರಿಕ್ಟರ್ ಎಂಬ ಪಾದ್ರಿ ಬರೆದ ಕೊಡಗಿನ ಕೈಪಿಡಿಯಲ್ಲೇ ಇವುಗಳ ವರ್ಣನೆ ಇದೆ. ಆಗಿನ ಬ್ರಿಟಿಷ್ ಅಧಿಕಾರಿಗಳೂ ಕೆಲವನ್ನು ತೆರೆದು ನೋಡಿದ್ದರು.

ಒಳಗೆ ಏನಿರುತ್ತದೆ? ದಕ್ಷಿಣ ಭಾರತದ ಇಂಥ ಗೋರಿಗಳಲ್ಲಿ ಸಾಮಾನ್ಯವಾಗಿ ಸಿಗುವುದು ಕಪ್ಪು ಕೆಂಪು ಬಣ್ಣದ ಮಡಕೆ, ತುಕ್ಕು ಹಿಡಿದ ಕಬ್ಬಿಣದ ಕತ್ತಿಯೋ ಈಟಿಯ ತುದಿಯೋ, ಒಂದಿಷ್ಟು ಮಣಿ, ಮೂಳೆಯ ಚೂರು. ಕೊಪ್ಪರಿಗೆ ಹೊನ್ನು ಇಡುವ ಪದ್ಧತಿ ಅಲ್ಲಿರಲಿಲ್ಲ. ಅಮಾವಾಸ್ಯೆ ರಾತ್ರಿ ಅಂಜನ ಹಾಕಿ ನೋಡಿ, ನಿಂಬೆಹಣ್ಣು ಕುಂಕುಮ ಇಟ್ಟು ಅಗೆಯುವ ನಿಧಿಗಳ್ಳರಿಗೆ ಇದನ್ನು ಹೇಳಿದರೆ ನಂಬುವುದಿಲ್ಲ. ಮಡಕೆ ಕಂಡ ಕೂಡಲೇ ಒಡೆಯುತ್ತಾರೆ, ಚಿನ್ನ ಬೂದಿಯಾಯಿತು, ಸರ್ಪ ಕಾವಲಿತ್ತು ಅಂತ ಹೇಳಿಕೊಂಡು ಮುಂದಿನ ಗೋರಿಗೆ ಹೋಗುತ್ತಾರೆ. ಆದರೆ ಆ ಮಡಕೆ ಯಾವ ದಿಕ್ಕಿಗೆ ಇತ್ತು, ಅದರೊಳಗೆ ಕಾಳಿತ್ತೇ ಮೂಳೆಯಿತ್ತೇ, ಪಕ್ಕದಲ್ಲಿ ಇದ್ದಿಲಿನ ಚೂರೇನಾದರೂ ಇತ್ತೇ, ಇದರಿಂದಲೇ ಆ ಜನರ ಕಥೆ ಕಟ್ಟಬೇಕು. ಒಂದು ಚಿಟಿಕೆ ಇದ್ದಿಲು ಸಿಕ್ಕರೆ ಕಾರ್ಬನ್ ಪರೀಕ್ಷೆಯಿಂದ ಕಾಲ ಹೇಳಬಹುದು. ಹಾರೆ ಬಿದ್ದ ಮೇಲೆ ಅದು ಬರೀ ಮಣ್ಣು. ಮೊಮ್ಮಕ್ಕಳಿಗೆ ಇದನ್ನೇ ಹೇಳಿ, ಅವರಿಗೆ ಅರ್ಥವಾಗುತ್ತದೆ. ಬೇಸಿಲ್ ಬ್ರೌನನ ಮೊಳೆಯ ಕಥೆಯನ್ನೂ ಹೇಳಿ.

ಕಾನೂನಿನ ವಿಷಯಕ್ಕೂ ಬರೋಣ. ತೋಟ ನಿಮ್ಮದಾದರೂ ಮಣ್ಣಿನಡಿ ಸಿಕ್ಕಿದ ಹಳೇ ವಸ್ತುವನ್ನು ಸುಮ್ಮನೆ ಇಟ್ಟುಕೊಳ್ಳುವಂತಿಲ್ಲ. 1878ರಿಂದಲೇ ದೇಶದಲ್ಲಿ ನಿಧಿ ಕಾಯ್ದೆ ಇದೆ, ನಮ್ಮ ರಾಜ್ಯಕ್ಕೆ 1962ರದು ಬೇರೆ ಇದೆ. ಸಿಕ್ಕರೆ ತಹಶೀಲ್ದಾರರಿಗೋ ಜಿಲ್ಲಾಧಿಕಾರಿಗೋ ತಿಳಿಸಬೇಕು. ನೂರು ವರ್ಷ ದಾಟಿದ ವಸ್ತುವನ್ನು ದೇಶದ ಹೊರಗೆ ಮಾರುವುದು 1972ರ ಕಾಯ್ದೆ ಪ್ರಕಾರ ಅಪರಾಧ. ಗೋರಿ ಅಗೆಯಲು ವಿಶ್ವವಿದ್ಯಾಲಯದವರಿಗೂ ಅನುಮತಿ ಬೇಕು. ಹೆದರಿಸಲು ಹೇಳುತ್ತಿಲ್ಲ. ತೋಟ ಸಮತಟ್ಟು ಮಾಡಲು ಜೆಸಿಬಿ ಕರೆಸುವಾಗ ಡ್ರೈವರನಿಗೆ ಮೊದಲೇ ಆ ಕಲ್ಲುಗಳನ್ನು ತೋರಿಸಿ. ಕೊಡಗಿನಲ್ಲಿ ನಿಧಿಗಳ್ಳರಷ್ಟೇ ಜೆಸಿಬಿಯ ಭಯವೂ ಇದೆ.

ಕನ್ನಡದಲ್ಲಿ ಯಾಕಿಲ್ಲ ಎಂಬ ಪ್ರಶ್ನೆಗೆ ನನ್ನಲ್ಲಿ ಪೂರ್ತಿ ಸಮಾಧಾನದ ಉತ್ತರವಿಲ್ಲ. 2019ರ 'ಅವನೇ ಶ್ರೀಮನ್ನಾರಾಯಣ' ಇದೆ, ಮಜವಾಗಿದೆ, ಆದರೆ ಅದು ಲೂಟಿ ಹುಡುಕುವ ಕಥೆ. ನಮಗೆ ನಿಧಿ ಅಂದರೆ ಚಿನ್ನವೇ ಆಗಬೇಕು ಅನ್ನಿಸುತ್ತದೆ. 1915ರಲ್ಲಿ ಮಸ್ಕಿಯಲ್ಲಿ ಏನಾಯಿತು ನೋಡಿ. ಬೀಡನ್ ಎಂಬ ಚಿನ್ನದ ಗಣಿಯ ಎಂಜಿನಿಯರ್ ಕಣ್ಣಿಗೆ ಬಂಡೆಯ ಮೇಲಿನ ಬರಹ ಬಿತ್ತು. ಅದುವರೆಗೆ ಶಾಸನಗಳಲ್ಲಿ 'ದೇವಾನಾಂಪ್ರಿಯ' ಅಂತಲೇ ಕಾಣುತ್ತಿದ್ದ ದೊರೆಯ ನಿಜ ಹೆಸರು ಅಶೋಕ ಅಂತ ಆ ಬಂಡೆ ಹೇಳಿತು. ಇದಕ್ಕಿಂತ ಒಳ್ಳೆಯ ಕ್ಲೈಮ್ಯಾಕ್ಸ್ ಬೇಕಾ?

ಕೊಡಗಿನದೇ ಬೇಕಾದರೆ ಎರಡು ಕಥೆ ಕೊಡುತ್ತೇನೆ, ಯಾರಾದರೂ ಎತ್ತಿಕೊಳ್ಳಲಿ. ಒಂದು, ಮಡಿಕೇರಿಯ ತಾಮ್ರಶಾಸನ. ಗಂಗ ದೊರೆಯ ಹೆಸರಿನದು, ಅದರಲ್ಲಿರುವ 388 ಶಕ ವರ್ಷವಾದರೆ ಕ್ರಿ.ಶ. 466 ಆಗುತ್ತದೆ. ಆದರೆ ಅದು ಅಷ್ಟು ಹಳೆಯದಲ್ಲ, ಯಾರೋ ಆಮೇಲೆ ಹುಟ್ಟಿಸಿದ ದಾಖಲೆ ಅಂತ ಹಲವು ವಿದ್ವಾಂಸರು ವಾದಿಸಿದರು. ಭೂಮಿ ಉಳಿಸಿಕೊಳ್ಳಲು ಸಾವಿರ ವರ್ಷದ ಹಿಂದೆ ಯಾರೋ ಸುಳ್ಳು ಪತ್ರ ಕೆತ್ತಿಸಿದರೇ? ಜಮೀನು ವ್ಯಾಜ್ಯ ಕಂಡ ಕೊಡಗಿನವರಿಗೆ ಈ ಕಥೆ ವಿವರಿಸಿ ಹೇಳಬೇಕಾಗಿಲ್ಲ. ಇನ್ನೊಂದು, 1834ರಲ್ಲಿ ಪಟ್ಟ ಕಳೆದುಕೊಂಡ ಚಿಕ್ಕವೀರರಾಜನ ಮಗಳು ಗೌರಮ್ಮನದು. ವಿಕ್ಟೋರಿಯಾ ರಾಣಿಯ ಸಾಕುಮಗಳಂತೆ ಬೆಳೆದು, ಕ್ಯಾಂಪ್‌ಬೆಲ್ ಎಂಬ ಅಧಿಕಾರಿಯನ್ನು ಮದುವೆಯಾಗಿ, 1864ರಲ್ಲಿ ಚಿಕ್ಕ ವಯಸ್ಸಿಗೇ ತೀರಿಕೊಂಡಳು. ಆಮೇಲೆ ಗಂಡನೂ ಅವಳ ಒಡವೆಗಳೂ ಕಾಣೆ. ಕೊಡಗಿನ ಅರಸರ ನಾಲ್ಕುನಾಡು ಅರಮನೆಯ ನೆಲ ಅಗೆಯಬೇಕು ಅನ್ನುವವರು ಈ ದಾರಿ ಹಿಡಿದರೆ ಸಿನಿಮಾಕ್ಕಾದರೂ ಏನಾದರೂ ಸಿಗುತ್ತದೆ.

ಮೊಮ್ಮಕ್ಕಳಿಗೆ ಸದ್ಯಕ್ಕೆ ಸತ್ಯಜಿತ್ ರಾಯ್ ಅವರ 'ಸೋನಾರ್ ಕೆಲ್ಲಾ' ತೋರಿಸಿ. 1974ರ ಚಿತ್ರ, ಹಿಂದಿನ ಜನ್ಮದ ಚಿನ್ನದ ಕೋಟೆ ನೆನಪಿದೆ ಅನ್ನುವ ಹುಡುಗ, ಅವನ ಹಿಂದೆ ನಿಧಿಯ ಆಸೆಗೆ ಬಿದ್ದ ಖದೀಮರು, ಒಂಟೆ, ರೈಲು, ಎಲ್ಲ ಇದೆ. ಹಾಗೇ ಒಂದು ದಿನ ಮಡಿಕೇರಿ ಕೋಟೆಗೆ ಕರೆದುಕೊಂಡು ಹೋಗಿ. ಒಳಗಿನ ಹಳೇ ಚರ್ಚಿನಲ್ಲೇ ಮ್ಯೂಸಿಯಂ ಇದೆ, ಕೊಡಗಿನ ಶಿಲ್ಪಗಳೂ ವೀರಗಲ್ಲುಗಳೂ ಅಲ್ಲಿವೆ.

ಮೋರಿ ಮನೆಯ ಫೋಟೊ ಕಳಿಸಿದರೆ ಖಂಡಿತ ಹಾಕುತ್ತೇವೆ. ಊರಿನ ಹೆಸರು, ದಾರಿ ಗುರುತು ಯಾವುದನ್ನೂ ಹಾಕುವುದಿಲ್ಲ. ಮೊಬೈಲಿನಲ್ಲಿ ತೆಗೆಯುವಾಗ ಲೊಕೇಶನ್ ಆಫ್ ಮಾಡಿ ತೆಗೆಯಿರಿ. ಅಳತೆಗೆ ಪಕ್ಕದಲ್ಲಿ ಒಬ್ಬ ಮೊಮ್ಮಗನನ್ನು ನಿಲ್ಲಿಸಿ, ಹಾರೆ ಇಲ್ಲದೆ.

ಸಂಪಾದಕ