ಕಮ್ಯುನಿಸ್ಟರು ಆಳಿದರೆ ಅಭಿವೃದ್ಧಿ ನಿಲ್ಲುತ್ತದೆಯೇ?

ಕಮ್ಯುನಿಸ್ಟರು ಆಳಿದ ಕೇರಳ, ಬಂಗಾಳಗಳಿಂದ ಉದ್ಯಮಗಳು ಓಡಿಹೋದವು, ಅಭಿವೃದ್ಧಿ ನಿಂತುಹೋಯಿತು ಎನ್ನುತ್ತಾರಲ್ಲ, ನಿಜವೇ ಎಂದು ಕೇಳಿದ್ದೀರಿ. ನಾನು ಕಾಸರಗೋಡಿನ ಕನ್ನಡಿಗ. ಉದ್ಯಮಗಳು ಹೋದದ್ದು ನಿಜ. ಅಭಿವೃದ್ಧಿ ನಿಂತಿತು ಎಂಬುದನ್ನು ಮಾತ್ರ ನಾನು ಒಪ್ಪುವುದಿಲ್ಲ.

ಬೀಡಿಯ ಕಥೆ ಕೇಳಿ. ಬೀಡಿ ಕಟ್ಟುವವರಿಗೆ ಕೆಲಸದ ಹೊತ್ತು, ರಜೆ, ಹೆರಿಗೆ ಸೌಲಭ್ಯ ಇರಬೇಕೆಂಬ ಕೇಂದ್ರದ ಕಾನೂನು 1966ರಲ್ಲಿ ಬಂತು. ಜಾರಿ ಮಾಡುವುದು ರಾಜ್ಯಗಳ ಕೈಯಲ್ಲಿತ್ತು. ಕೇರಳದ ಕಮ್ಯುನಿಸ್ಟ್ ಮುಖ್ಯಮಂತ್ರಿ ಇ.ಎಂ.ಎಸ್. ನಂಬೂದಿರಿಪಾಡರ ಎರಡನೇ ಸರಕಾರ ಅದನ್ನು ಜಾರಿಗೆ ತರಲು ಹೊರಟಾಗ, ಕಣ್ಣೂರಿನಲ್ಲಿ ಬೀಡಿ ಕಟ್ಟಿಸುತ್ತಿದ್ದ ಮಂಗಳೂರಿನ ದೊಡ್ಡ ಮಾಲೀಕರು 1968ರಲ್ಲಿ ಅಲ್ಲಿನ ಕೆಲಸವನ್ನೇ ನಿಲ್ಲಿಸಿಬಿಟ್ಟರು. ಸಾವಿರಾರು ಮಂದಿಯ ಅನ್ನ ಹೋಯಿತು. ಇಲ್ಲಿಯವರೆಗೆ ನಿಮಗೆ ಹೇಳಿದವರ ಮಾತು ಅಕ್ಷರಶಃ ಸರಿ.

ಆದರೆ 1969ರಲ್ಲಿ ಆ ಕೆಲಸಗಾರರೇ ಸೇರಿ ಸಹಕಾರ ಸಂಘ ಕಟ್ಟಿದರು, ಸರಕಾರ ಬಂಡವಾಳಕ್ಕೆ ನೆರವು ಕೊಟ್ಟಿತು. ಅದೇ ದಿನೇಶ್ ಬೀಡಿ. ಕನಿಷ್ಠ ಕೂಲಿ, ಬೋನಸ್, ಪ್ರಾವಿಡೆಂಟ್ ಫಂಡ್ ಎಲ್ಲ ಕೊಟ್ಟೂ ಅದು ವರ್ಷಗಟ್ಟಲೆ ಲಾಭದಲ್ಲಿ ನಡೆಯಿತು. ಮಲಬಾರಿನ ಬೀಡಿ ಶೆಡ್ಡುಗಳಲ್ಲಿ ಎಲ್ಲರೂ ಎಲೆ ಸುರುಳುತ್ತಿದ್ದರೆ ಒಬ್ಬರು ಗಟ್ಟಿಯಾಗಿ ಪತ್ರಿಕೆ ಓದುತ್ತಿದ್ದರು. ಶಾಲೆಯ ಮುಖ ಸರಿಯಾಗಿ ಕಾಣದವರು ಅಲ್ಲಿ ಕೂತು ರಾಜಕೀಯ ಕಲಿತರು. ಇದನ್ನು ಅಭಿವೃದ್ಧಿ ಅನ್ನದೆ ಬೇರೇನನ್ನಬೇಕು? ಮುಂದೆ ಬೀಡಿ ಸೇದುವವರು ಕಡಿಮೆಯಾದಾಗ ಸಂಘ ಕೊಡೆ, ತಿನಿಸು, ಸಾಫ್ಟ್‌ವೇರ್ ಕಡೆಗೂ ಹೊರಳಿತು. ಆದರೂ ಹಳೆಯ ಸಂಖ್ಯೆಯಲ್ಲಿ ಕೆಲಸ ಹುಟ್ಟಲಿಲ್ಲ. ಎಡಪಕ್ಷದ ನಿಜವಾದ ಸೋಲು ಇದೇ. ಇದ್ದ ಕೆಲಸಕ್ಕೆ ಮರ್ಯಾದೆ ಕೊಡಿಸಿದರು, ಹೊಸ ಕೆಲಸ ಹುಟ್ಟಿಸಲು ತಿಳಿಯಲಿಲ್ಲ. ಓದಿದ ಹುಡುಗರು ಗಲ್ಫಿಗೆ ಹೋದರು. ಇಂದು ನಮ್ಮ ಕಡೆ ಕಾಣುವ ತಾರಸಿ ಮನೆಗಳಲ್ಲಿ ದುಬೈ, ಅಬುಧಾಬಿಯ ಬೆವರೇ ಹೆಚ್ಚು.

ಭೂಮಿಯ ವಿಷಯದಲ್ಲಿ ಪೂರ್ತಿ ಹೊಗಳಿಕೆಯನ್ನು ಒಬ್ಬರಿಗೇ ಕೊಡಲಾರೆ. 1970ರ ಜನವರಿ 1ರಿಂದ ಕೇರಳದಲ್ಲಿ ಗೇಣಿ ಪದ್ಧತಿ ಹೋಯಿತು, ಧಣಿಯ ಜಾಗದಲ್ಲಿ ಗುಡಿಸಲು ಹಾಕಿಕೊಂಡಿದ್ದವರಿಗೆ ಪಂಚಾಯತುಗಳಲ್ಲಿ ಹತ್ತು ಸೆಂಟ್ಸ್‌ವರೆಗೆ ಹಕ್ಕು ಸಿಕ್ಕಿತು. ಗಡಿಯ ಆಚೆ ದಕ್ಷಿಣ ಕನ್ನಡದ ಚಾಲಗೇಣಿ (ಧಣಿ ಬೇಕೆಂದಾಗ ಬಿಡಿಸಬಹುದಾಗಿದ್ದ ಗೇಣಿ) ಒಕ್ಕಲುಗಳಿಗೆ ಅದನ್ನೇ ಮಾಡಿಕೊಟ್ಟದ್ದು 1974ರಲ್ಲಿ ಕಾಂಗ್ರೆಸ್ಸಿನ ದೇವರಾಜ ಅರಸು.

ಬಂಗಾಳವನ್ನು ಕೇರಳದ ಜೊತೆ ಒಂದೇ ಉಸಿರಿನಲ್ಲಿ ಹೇಳುವುದು ತಪ್ಪು. ಅಲ್ಲೂ ಆರಂಭ ಚೆನ್ನಾಗಿತ್ತು: 1978ರಲ್ಲಿ ಶುರುವಾದ ಆಪರೇಷನ್ ಬರ್ಗಾದಿಂದ ಲಕ್ಷಾಂತರ ಪಾಲುಗಾರ ರೈತರ ಹೆಸರು ದಾಖಲೆಗೆ ಬಂತು. ಆದರೆ 1977ರಿಂದ 2011ರವರೆಗೆ, 34 ವರ್ಷ, ಒಂದೇ ಕೂಟ ಕುರ್ಚಿ ಬಿಡಲಿಲ್ಲ. ರೈತರಿಗೆ ಹಕ್ಕು ಕೊಟ್ಟ ಸರಕಾರವೇ ಸಿಂಗೂರಿನಲ್ಲಿ ಕಾರು ಕಾರ್ಖಾನೆಗಾಗಿ ಸಾವಿರ ಎಕರೆಯಷ್ಟು ಭೂಮಿ ಕಿತ್ತುಕೊಂಡಿತು. 2007ರ ಮಾರ್ಚ್ 14ರಂದು ನಂದಿಗ್ರಾಮದಲ್ಲಿ, ಭೂಮಿ ಬಿಡೆವು ಎಂದವರ ಮೇಲೆ ಪೊಲೀಸರು ಗುಂಡು ಹಾರಿಸಿದಾಗ 14 ಮಂದಿ ಸತ್ತರು. ಕೇರಳದಲ್ಲಿ 1982ರಿಂದ 2021ರವರೆಗೆ ಯಾವ ಕೂಟವನ್ನೂ ಜನ ಸತತ ಎರಡು ಸಲ ಗೆಲ್ಲಿಸಲಿಲ್ಲ. ಕಮ್ಯುನಿಸ್ಟರ ಎಡರಂಗವೂ ಕಾಂಗ್ರೆಸ್ ನೇತೃತ್ವದ ಐಕ್ಯರಂಗವೂ ಸೋಲಿನ ಹೆದರಿಕೆಯಲ್ಲೇ ಶಾಲೆ, ಆಸ್ಪತ್ರೆ, ಪಡಿತರ ಕಾಪಾಡಿದವು. 2011ರ ಜನಗಣತಿಯಲ್ಲಿ ಕೇರಳದ ಸಾಕ್ಷರತೆ ಶೇ. 94, ಬಂಗಾಳದ್ದು ಶೇ. 76. ತಿರುವಾಂಕೂರು ಸಂಸ್ಥಾನದ ರಾಜರ ಕಾಲದಿಂದ ಬಂದ ಶಾಲೆಗಳ ಪುಣ್ಯವೂ ಅದರಲ್ಲಿದೆ, ಆದರೂ ಮತದ ಭಯ ಸಣ್ಣ ಸಂಗತಿಯಲ್ಲ.

ಇನ್ನೊಂದು ಮಾತು ಹೇಳದಿದ್ದರೆ ನನ್ನ ಊರಿಗೆ ಅನ್ಯಾಯವಾಗುತ್ತದೆ. ಎಣ್ಮಕಜೆಯಂಥ ನಮ್ಮ ಗ್ರಾಮಗಳ ಗೇರು ತೋಟಗಳ ಮೇಲೆ ಎರಡು ದಶಕಕ್ಕೂ ಹೆಚ್ಚು ಕಾಲ, 2000ದವರೆಗೆ, ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಎಂಬ ವಿಷದ ಕೀಟನಾಶಕ ಸುರಿದದ್ದು ಖಾಸಗಿ ಬಂಡವಾಳಗಾರರಲ್ಲ, ರಾಜ್ಯ ಸರಕಾರದ್ದೇ ಪ್ಲಾಂಟೇಷನ್ ಕಾರ್ಪೊರೇಷನ್. ಆ ವರ್ಷಗಳಲ್ಲಿ ಎರಡೂ ರಂಗಗಳು ಆಳಿವೆ. ಸರಕಾರಿ ಒಡೆತನವಿದ್ದರೆ ಜನರಿಗೆ ಒಳ್ಳೆಯದಾಗಿಯೇ ಆಗುತ್ತದೆ ಎಂಬ ಎಡಪಂಥದ ನಂಬಿಕೆ ನನ್ನ ಮಟ್ಟಿಗೆ ಅಲ್ಲಿಗೆ ಮುಗಿಯಿತು. 2011ರಲ್ಲಿ ಸುಪ್ರೀಂ ಕೋರ್ಟಿಗೆ ಹೋಗಿ ದೇಶಾದ್ಯಂತ ಆ ವಿಷಕ್ಕೆ ತಡೆ ತಂದದ್ದೂ ಮಾರ್ಕ್ಸ್‌ವಾದಿ ಪಕ್ಷದ ಯುವ ಸಂಘಟನೆ ಡಿವೈಎಫ್‌ಐ; ಅದಕ್ಕೆ ನಾನು ಕೃತಜ್ಞ. ಸಂತ್ರಸ್ತರಿಗೆ ತಲಾ 5 ಲಕ್ಷ ಕೊಡಿ ಎಂದು 2017ರಲ್ಲಿ ಕೋರ್ಟ್ ಹೇಳಿದಾಗ ಅಧಿಕಾರದಲ್ಲಿದ್ದದ್ದು ಎಡ ಸರಕಾರವೇ. ಹೆಚ್ಚಿನವರಿಗೆ ಹಣ ತಲುಪದೆ, 2022ರಲ್ಲಿ ಅದೇ ಕೋರ್ಟ್ ಆ ಸರಕಾರವನ್ನು ಮತ್ತೆ ತರಾಟೆಗೆ ತೆಗೆದುಕೊಳ್ಳಬೇಕಾಯಿತು.