ಗುಜರಿ ಕಿಟಕಿಯೊಳಗಿನ ಮುಖ

ಪ್ರಶ್ನೆ: ಹಳೆಯ ಫೋಟೊ, ಮುರಿದ ಪೆಟ್ಟಿಗೆ, ಕಿಟಕಿಯ ಚೌಕಟ್ಟುಗಳನ್ನು ಜೋಡಿಸಿಟ್ಟ ಮಾತ್ರಕ್ಕೆ ಅದು ಕಲಾಕೃತಿ ಹೇಗಾಗುತ್ತದೆ?
– ಓದುಗರೊಬ್ಬರು, ಧಾರವಾಡ

ಉತ್ತರ: ಜೋಡಿಸಿಟ್ಟ ಮಾತ್ರಕ್ಕೆ ಆಗುವುದಿಲ್ಲ, ಎಷ್ಟೋ ಪ್ರದರ್ಶನಗಳಲ್ಲಿ ಅವು ಗುಜರಿಯಾಗಿಯೇ ಉಳಿಯುತ್ತವೆ. ಆದರೆ ಲಾಸ್ ಏಂಜಲಿಸ್‌ನಲ್ಲಿ 1926ರಲ್ಲಿ ಹುಟ್ಟಿದ ಕಪ್ಪು ಕಲಾವಿದೆ ಬೆಟಿ ಸಾರ್ ಅವರು 1969ರಲ್ಲಿ ಹಳೆಯ ಮರದ ಕಿಟಕಿಯೊಂದನ್ನೇ ಆತ್ಮಕಥೆಯಾಗಿಸಿದ ಬಗೆಯನ್ನು ಗಮನಿಸಿ. ಕೆಳಗಿನ ಗಾಜಿಗೆ ಎರಡೂ ಅಂಗೈಗಳನ್ನು ಒತ್ತಿ ನಿಂತ ಕಪ್ಪು ಹುಡುಗಿಯ ಕೈಗಳಲ್ಲಿ ಚಂದ್ರ, ನಕ್ಷತ್ರಗಳಿವೆ. ನಾವು ಅತ್ತಿತ್ತ ಸರಿದಂತೆ ಅವಳ ಕಣ್ಣುಗಳು ತೆರೆದು ಮುಚ್ಚುತ್ತವೆ. ಮೇಲಿನ ಒಂಬತ್ತು ಪುಟ್ಟ ಚೌಕಗಳ ಪೈಕಿ ಒಂದರಲ್ಲಿ, ಕಲಾವಿದೆಯ ಐರಿಷ್ ಮೂಲದ ಅಜ್ಜಿಯನ್ನು ನೆನಪಿಸುವ, ಯಾರೋ ಅಪರಿಚಿತ ಬಿಳಿಯ ಹೆಂಗಸಿನ ಹಳೆಯ ಫೋಟೊ ಇದೆ. ನನ್ನನ್ನು ಹೆಚ್ಚು ಕಾಡುವುದು ಇದೇ: ಸ್ವಂತ ವಂಶದ ಎಳೆಯೊಂದನ್ನು ಹೇಳಲು ಅವರು ಪರರ ಮನೆಯ ಮುಖವನ್ನು ಎರವಲು ಪಡೆದಿದ್ದಾರೆ.